ಕೂಡದ ಮೂಳೆ

ಸಂಧಿಪ್ರಕರಣವನ್ನು ಪಾಠ ಹೇಳುವುದರಲ್ಲಿ ಇಪ್ಪತ್ತು ವರ್ಷ ಕಳೆದವನು ನಾನು. ಅಕ್ಷರಗಳೆರಡು ಎದುರಾದಾಗ ಒಂದು ಲೋಪವಾಗುವುದೂ, ನಡುವೆ ಹೊಸದೊಂದು ಬಂದು ಸೇರುವುದೂ, ಒಂದರ ಸ್ಥಾನದಲ್ಲಿ ಇನ್ನೊಂದು ನಿಲ್ಲುವುದೂ ನನಗೆ ಅಂಗೈ ನೆಲ್ಲಿಕಾಯಿ. ಎದುರಾದರೂ ಕೂಡದೆ, ಇದ್ದ ಹಾಗೆಯೇ ಉಳಿಯುವ ಸ್ವರಗಳೂ ಉಂಟು; ಅದಕ್ಕೆ ಪ್ರಕೃತಿಭಾವವೆಂದು ಹೆಸರು. 'ಅಣ್ಣಾ, ಇತ್ತ ಬಾ' ಎಂದು ದೂರದಿಂದ ಕೂಗಿದಾಗ ಆ ಎಳೆದ 'ಣ್ಣಾ' ಮುಂದಿನ ಇಕಾರದೊಡನೆ ಬೆರೆಯುವುದಿಲ್ಲ. ಈ ಉದಾಹರಣೆಯನ್ನು ಕರಿಹಲಗೆಯ ಮೇಲೆ ಎಷ್ಟು ಸಲ ಬರೆದಿರುವೆನೋ! ಆದರೆ ಕೂಡಬೇಕಾದದ್ದು ಕೂಡದೆ ಹೋದರೆ ಅದನ್ನು ಏನೆಂದು ಬರೆಯಬೇಕು ಎಂಬ ಪ್ರಶ್ನೆ ನನಗೆ ನಿಜವಾಗಿ ಎದುರಾದದ್ದು ತರಗತಿಯಲ್ಲಲ್ಲ. ಆಸ್ಪತ್ರೆಯಲ್ಲಿ, ನನ್ನ ತಮ್ಮನ ಎಡಗೈಯ ವಿಷಯದಲ್ಲಿ.

ತಮ್ಮ ತಿಪಟೂರಿನಲ್ಲಿ ಪಂಪು ಮೋಟಾರುಗಳಿಗೆ ವೈಂಡಿಂಗ್ ಮಾಡುವ ಸಣ್ಣ ಅಂಗಡಿ ಇಟ್ಟುಕೊಂಡಿದ್ದಾನೆ. ಎರಡು ವರ್ಷದ ಹಿಂದೆ ಒಂದು ದಿನ ಅಟ್ಟದ ಮೇಲಿನ ತಾಮ್ರದ ತಂತಿಯ ಸುರುಳಿಯನ್ನು ಇಳಿಸಿಕೊಳ್ಳಲು ಹೋಗಿ ಏಣಿಯಿಂದ ಬಿದ್ದ. ಮೊಣಕೈಯಿಂದ ಮಣಿಕಟ್ಟಿನವರೆಗೆ ನಮ್ಮ ಮುಂಗೈಯಲ್ಲಿ ಎರಡು ಮೂಳೆಗಳಿವೆಯಷ್ಟೆ. ಹೆಬ್ಬೆರಳಿನ ಕಡೆಯದನ್ನು ರೇಡಿಯಸ್ ಎಂದೂ ಕಿರುಬೆರಳಿನ ಕಡೆಯದನ್ನು ಅಲ್ನಾ ಎಂದೂ ವೈದ್ಯರು ಕರೆಯುತ್ತಾರೆ. ಅಲ್ನಾ ಸ್ಥಿರವಾಗಿ ನಿಂತಿರಲು, ರೇಡಿಯಸ್ ಅದರ ಸುತ್ತ ಹೊರಳುತ್ತದೆ. ಆದುದರಿಂದಲೇ ನಾವು ಅಂಗೈಯನ್ನು ಮೇಲೆ ಮಾಡಿ ಪ್ರಸಾದ ತೆಗೆದುಕೊಳ್ಳಬಲ್ಲೆವು, ಬೋರಲು ಮಾಡಿ ಆಶೀರ್ವಾದ ಮಾಡಬಲ್ಲೆವು, ಬೀಗದಲ್ಲಿ ಬೀಗದಕೈ ತಿರುಗಿಸಬಲ್ಲೆವು. ತಮ್ಮನಿಗೆ ಮುರಿದದ್ದು ಅಲ್ನಾ, ನಟ್ಟನಡುವೆ. ಚರ್ಮ ಹರಿದಿರಲಿಲ್ಲ, ತುಂಡುಗಳು ಹೆಚ್ಚು ಜರುಗಿರಲಿಲ್ಲ. ಊರಿನ ಆಸ್ಪತ್ರೆಯಲ್ಲಿ ಹಿಟ್ಟಿನ ಪಟ್ಟಿ ಹಾಕಿ ಕಳುಹಿಸಿದರು.

ಪಟ್ಟಿ ಬಿಚ್ಚಿದ ಮೇಲೂ ನೋವು ಹೋಗಲಿಲ್ಲ. ಸ್ಪ್ಯಾನರು ತಿರುಗಿಸಿದರೆ ಒಳಗೆ ಏನೋ ಅಲುಗಿದಂತಾಗುತ್ತದೆ ಎಂದ. ಹತ್ತು ತಿಂಗಳು ಕಳೆದ ಮೇಲೆ ನಾನೇ ಬೆಂಗಳೂರಿಗೆ ಕರೆಸಿಕೊಂಡು ಒಬ್ಬ ಮೂಳೆವೈದ್ಯರಿಗೆ ತೋರಿಸಿದೆ. ಎಕ್ಸ್‌ರೇ ಚಿತ್ರವನ್ನು ಬೆಳಕಿಗೆ ಹಿಡಿದು ಅವರು ಒಂದು ಕಪ್ಪು ಗೆರೆಯ ಮೇಲೆ ಬೆರಳಿಟ್ಟರು. ಸಾಮಾನ್ಯವಾಗಿ ಒಂಬತ್ತು ತಿಂಗಳು ಕಳೆದು, ಕೊನೆಯ ಮೂರು ತಿಂಗಳಲ್ಲಿ ಕೂಡಿಕೊಳ್ಳುವ ಲಕ್ಷಣ ಏನೂ ಮುಂದುವರಿಯದಿದ್ದರೆ ಆ ಮೂಳೆ ತಾನಾಗಿ ಕೂಡುವುದಿಲ್ಲವೆಂದು ಭಾವಿಸುತ್ತಾರಂತೆ. ಅದಕ್ಕೆ ಅವರ ಮಾತು 'ನಾನ್‌ಯೂನಿಯನ್'.

ಏಕೆ ಕೂಡಲಿಲ್ಲ? ಮನೆಯಲ್ಲಿ ಇದಕ್ಕೆ ಉತ್ತರಗಳಿಗೆ ಬರವಿರಲಿಲ್ಲ. ರಾಗಿ ಮುದ್ದೆ ಬಿಟ್ಟು ಬೇಕರಿಯ ತಿಂಡಿ ತಿಂದದ್ದೇ ಕಾರಣವೆಂದು ನಮ್ಮ ತಾಯಿ. ಸಿಗರೇಟೆಂದು ಅವನ ಹೆಂಡತಿ. ಪಟ್ಟಿ ಇದ್ದಾಗಲೇ ಅಂಗಡಿಗೆ ಹೋಗಿ ಮೋಟಾರು ಎತ್ತಿದ ಅವಸರವೆಂದು ನಾನು. ಧೂಮಪಾನ, ಸಾಲದ ಆಸರೆ, ಸೋಂಕು, ರಕ್ತಸಂಚಾರದ ಕೊರತೆ, ಇವೆಲ್ಲ ಕಾರಣವಾಗಬಹುದೆಂದೂ, ಎಷ್ಟೋ ವೇಳೆ ಇದೇ ಎಂದು ಬೆರಳಿಟ್ಟು ತೋರಿಸಲು ಆಗುವುದಿಲ್ಲವೆಂದೂ ವೈದ್ಯರು ಹೇಳಿದರು. ನಮ್ಮ ಯಾರ ಉತ್ತರವೂ ಪೂರ್ತಿ ಸುಳ್ಳಲ್ಲ. ಆದರೆ ಎಲ್ಲವೂ ಅವನನ್ನೇ ತಪ್ಪಿತಸ್ಥನನ್ನಾಗಿ ಮಾಡುವಂಥವು. ಮುರಿದ ಕೈಯವನಿಗೆ ಎಲ್ಲರೂ ಮರುಗುತ್ತಾರೆ. ಮುರಿದದ್ದು ಕೂಡಲಿಲ್ಲವೆಂದರೆ ವಿಚಾರಣೆ ಮೊದಲಾಗುತ್ತದೆ.

ಶಸ್ತ್ರಚಿಕಿತ್ಸೆ ಆಗಬೇಕು, ಸುಮಾರು 1,80,000 ರೂಪಾಯಿ ಬೇಕು ಎಂದಾಯಿತು. ತಮ್ಮನ ಹತ್ತಿರ ಒಂದು ಆರೋಗ್ಯವಿಮೆಯ ಪಾಲಿಸಿ ಇತ್ತು. ಬಿದ್ದು ನಾಲ್ಕು ತಿಂಗಳಾದ ಮೇಲೆ, ಮುಂದೆ ಹೀಗಾದರೆ ಇರಲಿ ಎಂದು ಮಾಡಿಸಿದ್ದು. ಹಳೆಯ ರೋಗ ಯಾವುದಾದರೂ ಉಂಟೆ ಎಂದು ಅರ್ಜಿಯಲ್ಲಿ ಕೇಳಿದ್ದಕ್ಕೆ 'ಇಲ್ಲ' ಎಂದು ಬರೆದಿದ್ದ. ಅದರಲ್ಲಿ ಮೋಸವಿರಲಿಲ್ಲ. ಕೈ ಮುರಿದರೆ ಅದು ಪೆಟ್ಟು; ಪೆಟ್ಟು ಹೇಗೆ ರೋಗವಾದೀತು ಎಂದು ಅವನ ಎಣಿಕೆ. ನನ್ನ ಎಣಿಕೆಯೂ ಅದೇ ಆಗಿತ್ತು.

ವಿಮೆಯ ಕಾಗದಗಳನ್ನು ನೋಡುವ ಕೌಂಟರಿನಲ್ಲಿ ಒಬ್ಬ ಯುವಕನಿದ್ದ. ಬಹಳ ಸಭ್ಯ. ಪಾಲಿಸಿಯ ತಾರೀಖನ್ನೂ ಬಿದ್ದ ತಾರೀಖನ್ನೂ ನೋಡಿ, ಪಾಲಿಸಿಗೆ ಮೊದಲೇ ಇದ್ದ ತೊಂದರೆಯಾದರೆ ಕಾಯುವ ಅವಧಿ ಇರುತ್ತದೆಂದು ವಿವರಿಸಿದ. 2024ರ ನಿಯಮದಂತೆ ಅದು ಮೂರು ವರ್ಷ ಮೀರುವಂತಿಲ್ಲ. ಆದರೆ ತಮ್ಮನ ಕೈ ಮೂರು ವರ್ಷ ಕಾಯಬೇಕಲ್ಲ! ಬಳಿಕ ದನಿ ತಗ್ಗಿಸಿ, "ಸಾರ್, ಹೋದ ವಾರ ಮತ್ತೆ ಬಿದ್ದರು, ಅದೇ ಜಾಗದಲ್ಲಿ ಮುರಿಯಿತು ಅಂತ ಡಾಕ್ಟರು ಬರೆದುಕೊಟ್ಟರೆ ಅಪಘಾತ ಆಗುತ್ತೆ. ಅಪಘಾತಕ್ಕೆ ಕಾಯೋದಿಲ್ಲ" ಎಂದ.

ಈಗ ನಾನು ಒಂದು ತಪ್ಪೊಪ್ಪಿಗೆ ಮಾಡಬೇಕು. ಆ ಮಾತು ಕೇಳಿದಾಗ ನನಗೆ ಕೋಪ ಬರಲಿಲ್ಲ, ಉಪಕಾರಸ್ಮರಣೆಯೇ ಬಂದಿತು. ಮನೆಗೆ ಬರುವಷ್ಟರಲ್ಲಿ ಬಸ್ಸಿನಲ್ಲಿ ಕುಳಿತು ಆ ಸುಳ್ಳಿಗೆ ಬೇಕಾದ ಸಮರ್ಥನೆಗಳನ್ನೆಲ್ಲ ಒಂದೊಂದಾಗಿ ಜೋಡಿಸಿಬಿಟ್ಟೆ. ಮೂಳೆ ಮುರಿದಿರುವುದು ನಿಜ. ಏಣಿಯಿಂದ ಬಿದ್ದದ್ದು ನಿಜ. ಸುಳ್ಳು ತಾರೀಖು ಮಾತ್ರ. ಕಂಪೆನಿ ದೊಡ್ಡದು, ತಮ್ಮ ಚಿಕ್ಕವನು. ನನಗಾಗಿ ಕೇಳುತ್ತಿಲ್ಲ, ಒಡಹುಟ್ಟಿದವನಿಗಾಗಿ. ಒತ್ತಕ್ಷರ ತಪ್ಪಿದ್ದಕ್ಕೆ ಅಂಕ ಕಳೆಯುವ ಮನುಷ್ಯ ನಾನು, ಒಂದು ಸಾಲು ತಪ್ಪಾಗಿ ಬರೆಸಲು ಇಷ್ಟು ಬೇಗ ಸಿದ್ಧನಾದೆನೆಂಬುದು ಈಗ ನೆನೆದರೆ ನಾಚಿಕೆಯಾಗುತ್ತದೆ. ಆಗ ಆಗಲಿಲ್ಲ.

ಬಿ.ಎಸ್‌ಸಿ. ತರಗತಿಯಲ್ಲಿ ನನ್ನ ಕನ್ನಡ ಪಾಠಕ್ಕೆ ಕುಳಿತಿದ್ದ ಒಬ್ಬ ಹುಡುಗಿ ಈಗ ನಮ್ಮ ಬಡಾವಣೆಯಲ್ಲಿಯೇ ಇದ್ದಾಳೆ. ಬೆಂಗಳೂರಿನ ಒಂದು ಕಚೇರಿಯಲ್ಲಿ ಕುಳಿತು ಅಮೆರಿಕದ ಆಸ್ಪತ್ರೆಗಳ ಕಾಗದಗಳನ್ನು ಓದಿ, ಪ್ರತಿಯೊಂದು ರೋಗಕ್ಕೂ ಗಾಯಕ್ಕೂ ಒಂದು ಸಂಕೇತ ಬರೆಯುವುದು ಅವಳ ಉದ್ಯೋಗ. ಮೆಡಿಕಲ್ ಕೋಡಿಂಗ್ ಎನ್ನುತ್ತಾರೆ. ಬರೆಯುವುದರಲ್ಲಿ ಎಷ್ಟು ಹಿಗ್ಗಿಸಬಹುದು, ಎಷ್ಟು ಕುಗ್ಗಿಸಬಹುದು ಎಂಬುದು ಅವಳಿಗೆ ತಿಳಿದಿರಬಹುದೆಂದು, ಕಾರಣ ಹೇಳದೆ, ಅವಳನ್ನು ಕೇಳಿದೆ. ಅವಳು ಉತ್ಸಾಹದಿಂದ ಒಂದು ಹಾಳೆಯ ಮೇಲೆ ಬರೆದು ತೋರಿಸಿದಳು: ಎಸ್52.202ಕೆ.

"ಎಸ್52 ಅಂದರೆ ಮುಂಗೈ ಮುರಿತ, ಸಾರ್. ಆಮೇಲಿನ 2 ಅಲ್ನಾದ ನಡುಭಾಗ. ಸೊನ್ನೆ ಅಂದರೆ ಎಂಥ ಮುರಿತ ಅಂತ ಹೇಳಿಲ್ಲ. ಆಮೇಲಿನ 2 ಎಡಗೈ. ಕೊನೆಗೆ ಬರೋ ಅಕ್ಷರದಲ್ಲೇ ಇರೋದು ಎಲ್ಲ."

ಆ ಕೊನೆಯ ಅಕ್ಷರಗಳು ಹದಿನಾರು. ಚರ್ಮ ಹರಿಯದ ಮುರಿತಕ್ಕೆ ಚಿಕಿತ್ಸೆ ನಡೆಯುತ್ತಿದ್ದರೆ 'ಎ', ಸರಿಯಾಗಿ ಕೂಡುತ್ತಿದ್ದರೆ 'ಡಿ', ಕೂಡುವುದು ತಡವಾದರೆ 'ಜಿ', ಕೂಡದಿದ್ದರೆ 'ಕೆ', ಕೂಡಿಯೂ ಸೊಟ್ಟಗೆ ಕೂಡಿದರೆ 'ಪಿ'. ಚರ್ಮ ಹರಿದ ಮುರಿತಗಳಿಗೆ ಬೇರೆ ಅಕ್ಷರಗಳು. ಎಲ್ಲ ಮುಗಿದ ಮೇಲೂ ಉಳಿಯುವ ಊನಕ್ಕೆ 'ಎಸ್'. ಏಣಿಯಿಂದ ಬಿದ್ದದ್ದಕ್ಕೂ ಒಂದು ಸಂಕೇತವುಂಟು, ಡಬ್ಲ್ಯು11. ಮುದ್ದೆ ಬಿಟ್ಟದ್ದಕ್ಕೆ ಇದರಲ್ಲಿ ಅಕ್ಷರವಿಲ್ಲ, ಅವಸರಕ್ಕೂ ಇಲ್ಲ. ಸಿಗರೇಟಿಗೆ ಬೇರೆ ಕಡೆ ಒಂದು ಸಂಕೇತವಿದ್ದರೂ, 'ಇದರಿಂದಲೇ ಕೂಡಲಿಲ್ಲ' ಎಂದು ಆ 'ಕೆ' ಹೇಳುವುದಿಲ್ಲ. ಆಗಿರುವುದು ಏನು ಎಂಬುದನ್ನಷ್ಟೇ ಅದು ಹೇಳುತ್ತದೆ. ನಮ್ಮ ಮನೆಯ ಪ್ರೀತಿಯ ಮಾತುಗಳಿಗಿಂತ ಈ ನಿರ್ಜೀವ ಅಕ್ಷರವೇ ತಮ್ಮನಿಗೆ ಹೆಚ್ಚು ನ್ಯಾಯ ಮಾಡಿದೆಯಲ್ಲ ಎಂದು ನನಗೆ ಆಶ್ಚರ್ಯವಾಯಿತು.

"ಈ 'ಕೆ' ಬದಲು 'ಎ' ಬರೆದರೆ ಏನಾಗುತ್ತೆ?" ಎಂದು ಕೇಳಿಯೇ ಬಿಟ್ಟೆ.

ಅವಳು ನನ್ನ ಮುಖವನ್ನೊಮ್ಮೆ ನೋಡಿದಳು. "ನಾನು ಆ ಕೈ ನೋಡಿರೋದಿಲ್ಲ, ಸಾರ್. ಡಾಕ್ಟರು ಬರೆದದ್ದನ್ನ ನಂಬಿ ಬರೀತೀನಿ. ಬರೆಯದೆ ಇದ್ದರೆ ನಾನೇ ಊಹಿಸೋ ಹಾಗಿಲ್ಲ, ಸಂಶಯ ಬಂದರೆ ಅವರನ್ನೇ ಕೇಳಿ ಕಳಿಸಬೇಕು. ನನ್ನ ಸಾಲನ್ನ ನಂಬಿ ಇನ್ನೊಬ್ಬರು ಬರೀತಾರೆ. ಯಾರೂ ಕೈ ನೋಡೋದಿಲ್ಲ. ಮೊದಲು ನೋಡಿದವರು ಸುಳ್ಳು ಬರೆದರೆ ಆಮೇಲೆ ಹಿಡಿಯೋರು ಯಾರು?"

ವಿದ್ಯಾರ್ಥಿಯಿಂದ ಪಾಠ ಹೇಳಿಸಿಕೊಂಡು ಹೊರಟೆ. ಆದರೆ ಹಾಳೆಯನ್ನು ಬಿಡಲು ಮನಸ್ಸಾಗಲಿಲ್ಲ, ವೈಯಾಕರಣನ ಚಪಲ. ಅಮೆರಿಕದವರ ಈ ಕ್ರಮ ನಮ್ಮ ವಿಭಕ್ತಿಯಂತೆಯೇ ಇದೆ. ಪ್ರಕೃತಿ ಒಂದೇ, 'ಎಡ ಅಲ್ನಾದ ಮುರಿತ'. ಕಾಲ ಕಳೆದಂತೆ ಪ್ರತ್ಯಯ ಮಾತ್ರ ಬದಲಾಗುತ್ತದೆ. ನಮಗೆ ಏಳು ಪ್ರತ್ಯಯ, ಅವರಿಗೆ ಹದಿನಾರು. ಗಾಯ ಎಷ್ಟು ಹಳೆಯದಾದರೂ ಅದೇ ಗಾಯ ಎಂಬುದು ಇದರ ಭಾವ. ನಮ್ಮ ದೇಶದ ವಿಮೆಯ ನಮೂನೆಯಲ್ಲಿ, ಆಸ್ಪತ್ರೆಯವರು ತುಂಬುವ ಭಾಗದಲ್ಲಿಯೂ ಇಂಥ ಸಂಕೇತಕ್ಕೆ ಜಾಗವಿದೆ. ಆದರೆ ವಿಶ್ವ ಆರೋಗ್ಯ ಸಂಸ್ಥೆಯ ಹತ್ತನೆಯ ಆವೃತ್ತಿಯ ಮೂಲ ಪಟ್ಟಿಯಲ್ಲಿ ಕ್ರಮವೇ ಬೇರೆ. ಅದರಲ್ಲಿ ಮುಂಗೈಯ ಹೊಸ ಮುರಿತ ಹತ್ತೊಂಬತ್ತನೆಯ ಅಧ್ಯಾಯದಲ್ಲಿ, ಪೆಟ್ಟುಗಳ ನಡುವೆ, ಎಸ್52 ಎಂದಿದೆ. ಕೂಡದೆ ಹೋದರೆ ಅದು ಹದಿಮೂರನೆಯ ಅಧ್ಯಾಯಕ್ಕೆ, ಮೂಳೆ ಮಾಂಸಗಳ ರೋಗಗಳ ನಡುವಿಗೆ ಹೋಗಿ ಎಂ84.1 ಎನಿಸಿಕೊಳ್ಳುತ್ತದೆ. ಪ್ರತ್ಯಯ ಬದಲಾದದ್ದಲ್ಲ, ಶಬ್ದವೇ ಬೇರೆಯಾದದ್ದು. ಪೆಟ್ಟು ಎಂದಿಗೂ ರೋಗವಾಗದೆಂದು ಅರ್ಜಿಯಲ್ಲಿ 'ಇಲ್ಲ' ಎಂದು ಬರೆದ ನನ್ನ ತಮ್ಮನಿಗೆ ಈ ಪಟ್ಟಿ ಕೊಡುವ ಉತ್ತರ ಕಠಿಣವಾದದ್ದು: ಕೂಡದೆ ಉಳಿದ ಪೆಟ್ಟು ಒಂದಲ್ಲ ಒಂದು ದಿನ ರೋಗವಾಗುತ್ತದೆ. ಇದು ಮೂಳೆಗೆ ಮಾತ್ರ ಸಲ್ಲುವ ಮಾತೆಂದು ನನಗೆ ತೋರುವುದಿಲ್ಲ.

ಹೆಸರಿಡುವ ಈ ಕೆಲಸ ಇಂದಿನದಲ್ಲ. ಸುಶ್ರುತನು ಭಗ್ನಗಳನ್ನು ಕೀಲು ತಪ್ಪಿದ್ದು, ಮೂಳೆ ಮುರಿದದ್ದು ಎಂದು ಎರಡಾಗಿ ಮಾಡಿ, ಮೊದಲನೆಯದರಲ್ಲಿ ಆರು ಬಗೆ, ಎರಡನೆಯದರಲ್ಲಿ ಹನ್ನೆರಡು ಬಗೆ ಹೇಳಿದ್ದಾನೆ. ಇಂದಿನ ಪಟ್ಟಿಯ ಮೂಲ 1893ರದು. ಪ್ಯಾರಿಸಿನ ಜಾಕ್ ಬರ್ಟಿಲಾನ್ ಸಿದ್ಧಪಡಿಸಿದ್ದು. ಅದು ಸಾವಿನ ಕಾರಣಗಳ ಪಟ್ಟಿಯಾಗಿತ್ತು. ಕೂಡದ ಮೂಳೆಯಿಂದ ಸಾಮಾನ್ಯವಾಗಿ ಯಾರೂ ಸಾಯುವುದಿಲ್ಲ; ಕೈಯನ್ನು ಮಡಿಲಲ್ಲಿಟ್ಟುಕೊಂಡು ಬದುಕುತ್ತಾರೆ. ಬದುಕಿರುವವರ ರೋಗಗಳನ್ನೂ ಗಾಯಗಳನ್ನೂ ಅಂತರರಾಷ್ಟ್ರೀಯ ಪಟ್ಟಿಯಲ್ಲಿ ವಿಸ್ತಾರವಾಗಿ ಸೇರಿಸಿಕೊಂಡದ್ದು 1948ರ ಆರನೆಯ ಪರಿಷ್ಕರಣದಲ್ಲಿ, ಅದು ವಿಶ್ವ ಆರೋಗ್ಯ ಸಂಸ್ಥೆಯ ಕೈಗೆ ಬಂದಾಗ. ಸತ್ತವರನ್ನು ಎಣಿಸಲು ಹುಟ್ಟಿದ ಲೆಕ್ಕ ನರಳುವವರನ್ನೂ ಎಣಿಸಲು ಕಲಿಯಿತು ಎನ್ನಬಹುದು. ಆ ಲೆಕ್ಕದಲ್ಲಿ ಹಳೆಯ ಗಾಯವನ್ನು ಹೊಸದೆಂದು ಬರೆಯುವವರು ಸಾವಿರವಾದರೆ, ಎಷ್ಟು ಕೈಗಳು ಕೂಡದೆ ಉಳಿಯುತ್ತವೆಂಬುದು ಯಾರಿಗೂ ತಿಳಿಯದು. ತಿಳಿಯದ್ದಕ್ಕೆ ಮದ್ದು ಹುಡುಕುವವರೂ ಇರರು. ಸುಳ್ಳಿನಿಂದ ನಷ್ಟ ಕಂಪೆನಿಗೆ ಮಾತ್ರವೆಂದು ಬಸ್ಸಿನಲ್ಲಿ ನಾನು ಕಟ್ಟಿದ್ದ ವಾದ ಇಲ್ಲಿ ಸಡಿಲವಾಯಿತು.

ಅದರೂ ಸಾವಿರ ಜನರ ಲೆಕ್ಕಕ್ಕಿಂತ ಒಬ್ಬ ತಮ್ಮನ ಕೈ ದೊಡ್ಡದು. ಆದುದರಿಂದ ಮರುದಿನ ವೈದ್ಯರ ಬಳಿಗೆ ಹೋದೆ. ನೇರವಾಗಿ ಕೇಳಲು ಧೈರ್ಯವಿಲ್ಲದೆ ಸುತ್ತಿ ಬಳಸಿ ಕೇಳಿದೆ. ಅವರಿಗೆ ಇಂಥ ಕೋರಿಕೆ ಹೊಸದಲ್ಲವೆಂದು ಕಂಡಿತು. ಸಿಟ್ಟಾಗಲಿಲ್ಲ, ಉಪದೇಶವನ್ನೂ ಮಾಡಲಿಲ್ಲ.

"ಮೇಷ್ಟ್ರೇ, ಹೊಸ ಮುರಿತವಾದರೆ ತುಂಡುಗಳನ್ನು ಜೋಡಿಸಿ ಪ್ಲೇಟು ಹಾಕಿದರೆ ಬಹುಮಟ್ಟಿಗೆ ಸಾಕು. ಇದು ಹಾಗಲ್ಲ. ನಡುವೆ ಬೆಳೆದಿರುವ ನಾರನ್ನು ತೆಗೆಯಬೇಕು, ಮೂಳೆಯ ತುದಿಗಳನ್ನು ರಕ್ತ ಕಾಣುವವರೆಗೆ ಹೆರೆಯಬೇಕು, ಸೊಂಟದ ಮೂಳೆಯಿಂದ ಸ್ವಲ್ಪ ತೆಗೆದು ತುಂಬಬೇಕು. ನಾನು ಮಾಡುವುದು ಇದು. ಬರೆಯುವುದು ಅದು ಅಂತಾದರೆ, ನಾಳೆ ಇದು ಕೆಟ್ಟು ಇನ್ನೊಬ್ಬ ವೈದ್ಯರ ಹತ್ತಿರ ಹೋದಾಗ ಅವರು ನನ್ನ ಕಾಗದ ಓದಿ ಚಿಕಿತ್ಸೆ ಮಾಡುತ್ತಾರೆ. ಆಗ ಮೋಸ ಹೋಗುವುದು ಕಂಪೆನಿಯಲ್ಲ, ನಿಮ್ಮ ತಮ್ಮ."

ಇದಾದ ಮೇಲೆ ನನಗೆ ಸಂಶಯ ಉಳಿಯಲಿಲ್ಲ. ರೋಗಕ್ಕೆ ಕೊಡುವ ಹೆಸರು ಹಣ ಕೊಡುವವನಿಗೆ ಬರೆದ ಓಲೆಯೆಂದು ನಾನು ತಿಳಿದಿದ್ದೆ. ಅದು ಮುಂದೆ ಆ ಗಾಯವನ್ನು ಮುಟ್ಟಲಿರುವ ಕೈಗೆ ಬರೆದ ಓಲೆ. ಕನ್ನಡದಲ್ಲಿ 'ಕೂಡದು' ಎಂಬ ಮಾತಿಗೆ ಸೇರುವುದಿಲ್ಲ ಎಂಬ ಅರ್ಥವೂ ಉಂಟು, ಮಾಡತಕ್ಕದ್ದಲ್ಲ ಎಂಬ ಅರ್ಥವೂ ಉಂಟು. ಮೂಳೆ ಕೂಡದು ಎಂದಿದ್ದ ವೈದ್ಯರೇ ಸುಳ್ಳು ಕೂಡದು ಎಂದೂ ಹೇಳಿದಂತಾಯಿತು.

ಸಂಜೆ ತಮ್ಮನಿಗೆ ಇದನ್ನೆಲ್ಲ ವಿವರಿಸಿದೆ. ಸ್ವಲ್ಪ ಚೆನ್ನಾಗಿಯೇ ವಿವರಿಸಿದೆನೆಂದು ಕಾಣುತ್ತದೆ. ಪಾಠ ಹೇಳಿ ರೂಢಿಯಲ್ಲವೆ? ಅವನು ಸುಮ್ಮನೆ ಕೇಳಿದ. ಆಮೇಲೆ, "ಅಣ್ಣಾ, ಸತ್ಯ ನಿನ್ನದು, ಕೈ ನನ್ನದು. ನಿನ್ನ ಸತ್ಯಕ್ಕೆ ನಾನು ಅಂಗಡಿ ಮಾರಬೇಕಾ?" ಎಂದ.

ಪ್ರತಿವರ್ಷ ತರಗತಿಯಲ್ಲಿ ರಾಘವಾಂಕನ ಹರಿಶ್ಚಂದ್ರನನ್ನು ಕೊಂಡಾಡುವವನು ನಾನು. ಆ ರಾತ್ರಿ ನಿದ್ರೆ ಬಾರದೆ ಅವನನ್ನು ಮೊದಲ ಬಾರಿಗೆ ಬೇರೊಂದು ಕಡೆಯಿಂದ ನೋಡಿದೆ. ಸತ್ಯಕ್ಕಾಗಿ ಅವನು ತನ್ನನ್ನು ವೀರಬಾಹುಕನಿಗೆ ಮಾರಿಕೊಂಡ, ನಿಜ. ಅದಕ್ಕೆ ಮೊದಲು ಮಾರಿದ್ದು ಹೆಂಡತಿಯನ್ನೂ ಮಗನನ್ನೂ. ಚಂದ್ರಮತಿ ಒಪ್ಪಿದಳು, ಲೋಹಿತಾಶ್ವನನ್ನು ಕೇಳಿದವರಾರು? ಹುಲ್ಲು ತರಲು ಹೋಗಿ ಹಾವು ಕಚ್ಚಿ ಸತ್ತವನು ಅವನೇ ಅಲ್ಲವೆ? ಕಾವ್ಯದಲ್ಲಿ ದೇವರು ಬಂದು ಎಲ್ಲವನ್ನೂ ಸರಿಮಾಡುತ್ತಾನೆ. ನಮ್ಮ ಮನೆಯಲ್ಲಿ ಅಂಥದು ನಡೆಯುವ ಭರವಸೆ ಇರಲಿಲ್ಲ. ಸಂಬಳದ ನೌಕರಿಯವನಾದ ನಾನು ಸಂಬಳವಿಲ್ಲದ ತಮ್ಮನ ಕೈಯನ್ನು ಒತ್ತೆಯಿಟ್ಟು ಸತ್ಯವಂತನಾಗಲು ಹೊರಟಿದ್ದೆ. ಅವನ ಪ್ರಶ್ನೆ ಒರಟಾಗಿರಬಹುದು, ಅನ್ಯಾಯವಾಗಿರಲಿಲ್ಲ.

ಸತ್ಯ ಹೇಳಬೇಕೆ ಬೇಡವೆ ಎಂಬುದು ಅಷ್ಟೇನೂ ಕಷ್ಟದ ಪ್ರಶ್ನೆಯಲ್ಲ. ಅದರ ಬೆಲೆ ತೆರುವವರು ಯಾರು ಎಂಬುದು ಕಷ್ಟದ ಪ್ರಶ್ನೆ. ಯಾರು ಸತ್ಯವನ್ನು ಹಟಹಿಡಿದು ಹೇಳಿಸುತ್ತಾನೋ ಅವನೇ ಬೆಲೆಯನ್ನೂ ತೆರಬೇಕು. ಇನ್ನೊಬ್ಬನ ಬೊಕ್ಕಸದಿಂದ ತೆತ್ತ ಸತ್ಯದಲ್ಲಿ ಪುಣ್ಯವೇನೂ ಇರಲಾರದು. ನನಗೆ ಹೊಳೆದ ಧರ್ಮಸೂಕ್ಷ್ಮ ಇಷ್ಟೆ. ಮನೆ ರಿಪೇರಿಗೆಂದು ಬ್ಯಾಂಕಿನಲ್ಲಿಟ್ಟಿದ್ದ ಠೇವಣಿಯೊಂದಿತ್ತು. ಅದನ್ನು ತೆಗೆಯೋಣವೆಂದು ಹೆಂಡತಿಯನ್ನು ಕೇಳಿದೆ. ಹರಿಶ್ಚಂದ್ರನ ಇನ್ನೊಂದು ತಪ್ಪನ್ನು ಮಾಡಬಾರದೆಂದು ಮೊದಲೇ ಕೇಳಿದೆ. "ತೆಗೆದ ಮೇಲೆ ಹೇಳದೆ ಮುಂಚೆ ಕೇಳಿದಿರಲ್ಲ, ಅಷ್ಟೇ ಸಾಕು. ಈ ಮಳೆಗಾಲ ಒಂದು ಪಾತ್ರೆ ಇಟ್ಟರಾಯಿತು" ಎಂದಳು.

ವೈದ್ಯರು ಇದ್ದದ್ದನ್ನು ಇದ್ದಂತೆಯೇ ಬರೆದರು, ನಮೂನೆಯಲ್ಲಿ ಎಂ84.1 ಎಂದು ತುಂಬಲಾಯಿತು. ಕಂಪೆನಿಯಿಂದ ನಿರೀಕ್ಷಿಸಿದ್ದ ಕಾಗದ ನಿರೀಕ್ಷಿಸಿದ್ದ ಮಾತುಗಳಲ್ಲಿಯೇ ಬಂತು. ಶಸ್ತ್ರಚಿಕಿತ್ಸೆಯಾಗಿ ಆರು ತಿಂಗಳಿಗೆ ತೆಗೆದ ಚಿತ್ರದಲ್ಲಿ ಆ ಕಪ್ಪು ಗೆರೆ ಇರಲಿಲ್ಲ.

ಇದನ್ನು ಓದಿ ನನ್ನನ್ನು ದೊಡ್ಡವನೆಂದು ಯಾರೂ ತಿಳಿಯಬಾರದು. ಠೇವಣಿ ಇತ್ತು, ಆದುದರಿಂದ ತೆತ್ತೆ. ಇಲ್ಲದಿದ್ದರೆ? ನನ್ನ ತಮ್ಮನಂತೆಯೇ ಕೈ ಮುರಿದುಕೊಂಡು, ಠೇವಣಿಯಿರುವ ಅಣ್ಣನಿಲ್ಲದೆ, ಅದೇ ಕೌಂಟರಿನ ಮುಂದೆ ನಿಂತ ಮನುಷ್ಯನಿಗೆ ಆ ಸಭ್ಯ ಯುವಕ ದನಿ ತಗ್ಗಿಸಿ ಅದೇ ಮಾತು ಹೇಳಿದರೆ, ಅವನು ಹೂಂ ಎಂದರೆ, ಅವನನ್ನು ಸುಳ್ಳುಗಾರನೆಂದು ಕರೆಯಲು ನನಗೆ ಈಗ ನಾಲಿಗೆ ಏಳುವುದಿಲ್ಲ. ಅವನ ಸುಳ್ಳು ಸುಳ್ಳೇ. ಆದರೆ ಅದರ ಪಾಪದಲ್ಲಿ, ಅವನ ಸತ್ಯದ ಬೆಲೆಯನ್ನು ಹಂಚಿಕೊಳ್ಳಲು ಯಾರೂ ಮುಂದೆ ಬಾರದ ನಮ್ಮೆಲ್ಲರಿಗೂ ಪಾಲುಂಟು.

ಮೊನ್ನೆ ಹಬ್ಬಕ್ಕೆ ತಮ್ಮ ಬಂದಿದ್ದ. ಬಾಗಿಲಿನಲ್ಲಿಯೇ "ಅಣ್ಣಾ, ಇದನ್ನು ಹಿಡಿ" ಎಂದು ಎಡಗೈಯಲ್ಲಿ ತೆಂಗಿನಕಾಯಿಯ ಚೀಲವನ್ನು ಎತ್ತಿ ಕೊಟ್ಟ. ಹಣದ ವಿಷಯ ಅವನೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ. ಸೂರು ಇನ್ನೂ ಸೋರುತ್ತಿದೆ. ಚೀಲ ಭಾರವಾಗಿತ್ತು; ಅವನ ಕೈ ನಡುಗಲಿಲ್ಲ.